ಹನುಮಾನ್ ಘಾಟಿನ ಮೆಟ್ಟಿಲಿಳಿದು: ಕಾಶಿಯ ಗಂಗೆಯೂ ಕಾಶಿಯ ಚರಂಡಿಯೂ

ಮದುವೆಯ ದಿನ ಕೊಡೆ ಹಿಡಿದು, ಕೋಲೂರಿ ‘ಕಾಶೀಯಾತ್ರೆ’ಗೆ ಹೊರಟು, ಹತ್ತು ಹೆಜ್ಜೆ ನಡೆಯುವಷ್ಟರಲ್ಲಿ ಮಾವನವರ ಮಾತಿಗೆ ಸೋತು ಹಿಂದಿರುಗಿದವರ ಪೈಕಿ ನಾವೂ ಒಬ್ಬರು. ನಿಜವಾದ ಕಾಶಿಯನ್ನು ಕಾಣಲು ಮುಂದೆ ಎಷ್ಟೋ ವರ್ಷ ಕಾಯಬೇಕಾಯಿತು. ಕೇಂದ್ರ ಸರ್ಕಾರದ ಗುಮಾಸ್ತರಿಗೆ ಯಾತ್ರೆಯ ಭಾಗ್ಯ ಒದಗುವುದು ಎಲ್.ಟಿ.ಸಿ. ಕೃಪೆಯಿಂದ ತಾನೆ? ರಜೆ ಮಂಜೂರಾಗಿ, ಟಿಕೆಟ್ಟು ದೊರೆತು, ಎಪ್ಪತ್ತು ದಾಟಿದ ತಾಯಿಯವರನ್ನೂ ಹೈಸ್ಕೂಲಿನಲ್ಲಿ ಓದುವ ಮಗಳನ್ನೂ ಕರೆದುಕೊಂಡು ನಾವು ದಂಪತಿಗಳು ಕಾಶಿಗೆ ಹೋಗಿಬಂದೆವು. ಇಳಿದುಕೊಂಡದ್ದು, ಕನ್ನಡಿಗರು ಸಾಮಾನ್ಯವಾಗಿ ಇಳಿದುಕೊಳ್ಳುವಂತೆ, ಹನುಮಾನ್ ಘಾಟಿನ ಆಸುಪಾಸಿನಲ್ಲಿ.

ಮೊದಲ ಬೆಳಿಗ್ಗೆಯೇ ಒಂದು ಸಣ್ಣ ಪ್ರಸಂಗ ನಡೆಯಿತು. ತಾಯಿಯವರು ಮೂರು ಮುಳುಗು ಹಾಕಿ, ಸಂಕಲ್ಪ ಮುಗಿಸಿ, ಆಚಮನಕ್ಕೆಂದು ಅಂಗೈಯಲ್ಲಿ ನೀರು ತೆಗೆದುಕೊಂಡರು. ಮೇಲಿನ ಮೆಟ್ಟಿಲಲ್ಲಿ ಟವೆಲ್ಲು ಹಿಡಿದು ನಿಂತಿದ್ದ ಮಗಳು “ಅಜ್ಜಿ, ಕುಡೀಬೇಡಿ” ಎಂದು ಕೂಗಿಬಿಟ್ಟಳು. ತಾಯಿಯವರ ಕೈ ಅಲ್ಲಿಯೇ ನಿಂತಿತು. ಅವರು ನೋಡಿದ್ದು ಮೊಮ್ಮಗಳನ್ನಲ್ಲ, ನಮ್ಮನ್ನು. “ನೀನು ಸೈನ್ಸ್ ಓದಿದವನಲ್ಲವೇನಪ್ಪ, ನೀನೇ ಹೇಳು” ಎಂಬಂತಿತ್ತು ಆ ನೋಟ.

ನಾವು ಬಿ.ಎಸ್ಸಿ. ಓದಿದವರೇನೋ ನಿಜ. ಆದರೆ ಪದವಿಯಾದ ಮೇಲೆ ಪಿಪೆಟ್ಟನ್ನು ಕೆಳಗಿಟ್ಟು ಕಡತ ಹಿಡಿದವರು. ಆ ಕ್ಷಣದಲ್ಲಿ ನಮಗೆ ಉತ್ತರ ಹೊಳೆಯಲಿಲ್ಲ. ಊರಿಗೆ ಮರಳಿದ ಮೇಲೆ ಸಿಕ್ಕಿದ್ದನ್ನು ಓದಿ, ತಿಳಿದವರನ್ನು ಕೇಳಿ ಕೂಡಿಹಾಕಿದ ವಿಷಯವನ್ನು ಸಂಘದ ಬಂಧುಗಳ ಮುಂದೆ ಇಡುತ್ತಿದ್ದೇವೆ. ನಮ್ಮಲ್ಲಿ ಎಷ್ಟೋ ಮನೆಗಳ ದೇವರ ಗೂಡಿನಲ್ಲಿ ಬೆಸುಗೆ ಹಾಕಿದ ಗಂಗೆಯ ಗಿಂಡಿ ಇರುವುದರಿಂದ ಇದು ಎಲ್ಲರಿಗೂ ಸಂಬಂಧಿಸಿದ ಕಥೆಯೆಂದೇ ನಮ್ಮ ಭಾವನೆ.

ದಕ್ಷಿಣದವರ ಘಾಟ್

ಕಾಶಿಯಲ್ಲಿ ಗಂಗೆ ದಕ್ಷಿಣದಿಂದ ಉತ್ತರಕ್ಕೆ ಬಿಲ್ಲಿನಂತೆ ಬಾಗಿ ಹರಿಯುತ್ತದೆ. ಪಶ್ಚಿಮ ದಡದಲ್ಲಿ ಸಾಲಾಗಿ ಎಂಬತ್ತಕ್ಕೂ ಹೆಚ್ಚು ಘಾಟುಗಳು, ಎದುರು ದಡದಲ್ಲಿ ಬರೀ ಮರಳು. ದಕ್ಷಿಣದ ತುದಿಯ ಅಸ್ಸೀ ಘಾಟಿನಿಂದ ಹೊಳೆಯ ಜೊತೆಗೇ ಕೆಳಕ್ಕೆ ನಡೆದರೆ ತುಲಸೀ ಘಾಟ್, ಭದೈನಿ, ಶಿವಾಲಾ ಮುಂತಾದವು ದಾಟಿ ಹನುಮಾನ್ ಘಾಟ್ ಸಿಗುತ್ತದೆ. ಅದಕ್ಕೆ ಅಂಟಿಕೊಂಡಂತೆ ಕರ್ನಾಟಕ ಘಾಟ್. ಹಿಂದೆ ಇದಕ್ಕೆ ಮೈಸೂರು ಘಾಟ್ ಎಂದೇ ಹೆಸರಿತ್ತು. ನಮ್ಮ ರಾಜ್ಯ 1973ರಲ್ಲಿ ಹೆಸರು ಬದಲಿಸಿಕೊಂಡ ಮೇಲೆ ಘಾಟಿನ ಹೆಸರೂ ಬದಲಾಯಿತು. ಅದರಾಚೆ ಹರಿಶ್ಚಂದ್ರ ಘಾಟ್. ರಾಘವಾಂಕನ ಕಾವ್ಯವನ್ನು ಶಾಲೆಯಲ್ಲಿ ಓದಿದವರಿಗೆ ಆ ಮಸಣದ ಪರಿಚಯ ಮಾಡಿಕೊಡಬೇಕಾಗಿಲ್ಲ.

ಹನುಮಾನ್ ಘಾಟಿನ ಗಲ್ಲಿಗಳಲ್ಲಿ ಇಂದಿಗೂ ಕನ್ನಡ, ತಮಿಳು, ತೆಲುಗು ಕಿವಿಗೆ ಬೀಳುತ್ತವೆ. ವಿಜಯನಗರದಲ್ಲಿ ಕೃಷ್ಣದೇವರಾಯನಿಂದ ಕನಕಾಭಿಷೇಕ ಮಾಡಿಸಿಕೊಂಡರೆಂದು ಹೇಳುವ ವಲ್ಲಭಾಚಾರ್ಯರು ಕೊನೆಗೆ ಗಂಗೆಯಲ್ಲಿ ಲೀನವಾದದ್ದು ಈ ಘಾಟಿನಲ್ಲಿಯೇ ಎಂದು ಅವರ ಸಂಪ್ರದಾಯದವರು ನಂಬುತ್ತಾರೆ. ತಮಿಳು ಕವಿ ಸುಬ್ರಹ್ಮಣ್ಯ ಭಾರತಿಯವರು ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಓದಲೆಂದು ಬಂದು ಸೋದರತ್ತೆಯ ಮನೆಯಲ್ಲಿ ಉಳಿದದ್ದೂ ಇದೇ ಕೇರಿಯಲ್ಲಿ. ಊರೊಳಗೆ ವೀರಶೈವರ ಜಂಗಮವಾಡಿ ಮಠ ಶತಮಾನಗಳಿಂದ ಕನ್ನಡಿಗರಿಗೆ ಆಸರೆಯಾಗಿದೆ. ಹೀಗಿರಲು ಕಾಶಿ ನಮಗೆ ಪರದೇಶವಲ್ಲ. ಅಲ್ಲಿಯ ನೀರಿನ ಗುಣದೋಷವೂ ಪರರ ವಿಚಾರವಲ್ಲ.

ಕೆರೆ ಬಸಿದ ಸಾಹೇಬ

ಕಾಶಿ ಮೊದಲಿಂದಲೂ ಕೆರೆ ಹೊಂಡಗಳ ಊರು. ಮಳೆಗಾಲದ ನೀರು ಊರ ನಡುವೆ ನಿಂತು, ಊರಿನ ಕೊಳೆಯೂ ಅದಕ್ಕೆ ಸೇರಿ ರೋಗಕ್ಕೆ ತವರಾಗುತ್ತಿತ್ತು. 1820ರಲ್ಲಿ ಇಲ್ಲಿಯ ಟಂಕಸಾಲೆಯ ಅಧಿಕಾರಿಯಾಗಿ ಬಂದ ಜೇಮ್ಸ್ ಪ್ರಿನ್ಸೆಪ್ ಎಂಬ ಯುವಕ ಹತ್ತು ವರ್ಷಗಳಲ್ಲಿ ಊರಿನ ನಕ್ಷೆ ಬರೆದನು. ನಿಂತ ನೀರನ್ನು ಬಸಿಯಲು ನೆಲದಡಿಯಲ್ಲಿ ಕಮಾನಿನ ಸುರಂಗವೊಂದನ್ನು ಕಟ್ಟಿಸಿದನು. ಮುಂದೆ 1837ರ ಹೊತ್ತಿಗೆ ಅಶೋಕನ ಬ್ರಾಹ್ಮೀ ಲಿಪಿಯನ್ನು ಓದಿ ಜಗತ್ತಿಗೆ ತಿಳಿಸಿದವನೂ ಇವನೇ. ನಮ್ಮ ಮಸ್ಕಿಯ ಶಾಸನ 1915ರಲ್ಲಿ ದೊರೆತಾಗ ‘ಅಶೋಕ’ ಎಂಬ ಹೆಸರನ್ನು ಅದರಲ್ಲಿ ಗುರುತಿಸಲಾದದ್ದು ಇಂಥವರು ಹಾಕಿಕೊಟ್ಟ ದಾರಿಯಿಂದ.

ಪ್ರಿನ್ಸೆಪ್ ಮಾಡಿದ್ದು ಆ ಕಾಲಕ್ಕೆ ದೊಡ್ಡ ಉಪಕಾರ, ಸಂದೇಹವಿಲ್ಲ. ಊರು ಒಣಗಿತು, ಜನ ಉಸಿರಾಡಿದರು. ಆದರೆ ಬಸಿದ ನೀರಿಗೆ ಕೊನೆಗೆ ಹೊಳೆಯೇ ಗತಿ. ಕೊಳೆ ಹಾಳಾಗಲಿಲ್ಲ, ಇದ್ದ ಜಾಗ ಬಿಟ್ಟು ಮುಂದಕ್ಕೆ ಹೋಯಿತು, ಅಷ್ಟೆ. ವಾಚಕರು ಈ ಮಾತನ್ನು ನೆನಪಿನಲ್ಲಿಡಬೇಕು. ಮುಂದಿನ ಇನ್ನೂರು ವರ್ಷಗಳ ಕಥೆಯಲ್ಲಿ ಇದೇ ಮತ್ತೆ ಮತ್ತೆ ಬರುತ್ತದೆ.

ಅದೇ ಶತಮಾನದಲ್ಲಿ ಗಂಗೆಗೆ ಇನ್ನೊಂದು ಬದಲಾವಣೆಯಾಯಿತು. 1854ರಲ್ಲಿ ಹರಿದ್ವಾರದ ಬಳಿಯಿಂದ ಗಂಗಾ ಕಾಲುವೆ ಹೊರಟಿತು. ಬರಗಾಲದ ಬಾಧೆಯಿದ್ದ ಸೀಮೆಗೆ ಅನ್ನ ಕೊಟ್ಟ ಕಾಲುವೆ ಅದು. ಆದರೆ ಬೇಸಗೆಯಲ್ಲಿ ಹೊಳೆಯ ಪಾತ್ರದಲ್ಲಿ ಉಳಿಯುವ ನೀರು ಅಷ್ಟು ಕಡಿಮೆಯಾಯಿತು. ಕೊಡದ ನೀರಿಗೆ ಬಿದ್ದ ಚಿಟಿಕೆ ಉಪ್ಪು ನಾಲಗೆಗೆ ಗೊತ್ತಾಗದು, ಲೋಟದ ನೀರಿಗೆ ಬಿದ್ದರೆ ಗೊತ್ತಾಗದೆ ಇರದು. ಹೊಳೆಗೂ ಇದೇ ಲೆಕ್ಕ. ಮುಂದೆ ಹರಿದ್ವಾರದಲ್ಲಿ ಹೊಸ ಕಟ್ಟೆಯ ಕೆಲಸ ನಡೆದಾಗ ಮದನಮೋಹನ ಮಾಲವೀಯರು ಮುಂದಾಳಾಗಿ ನಿಂತು ಹೋರಾಡಿ, 1916ರ ಒಪ್ಪಂದದ ಮೂಲಕ ಹರ್ ಕೀ ಪೌಡಿಯಲ್ಲಿ ಒಂದು ಸಾವಿರ ಕ್ಯೂಸೆಕ್ಸಿಗೆ ಕಡಿಮೆಯಿಲ್ಲದಂತೆ ನೀರು ಬಿಡಲು ಸರ್ಕಾರವನ್ನು ಒಪ್ಪಿಸಿದರು. ‘ಹೊಳೆಯಲ್ಲಿ ಹೊಳೆ ಇರಬೇಕು’ ಎಂಬ ವಾದಕ್ಕೆ ನಮ್ಮ ದೇಶದಲ್ಲಿ ನೂರು ವರ್ಷ ಮೀರಿದ ಇತಿಹಾಸವಿದೆ.

ಅದೇ 1916ರಲ್ಲಿ ಮಾಲವೀಯರ ಕಾಶೀ ಹಿಂದೂ ವಿಶ್ವವಿದ್ಯಾಲಯ ಆರಂಭವಾಯಿತು. ಅದರ ಮೊದಲ ಕುಲಾಧಿಪತಿಗಳು ನಮ್ಮ ಮೈಸೂರಿನ ನಾಲ್ವಡಿ ಕೃಷ್ಣರಾಜ ಒಡೆಯರವರು ಎಂಬುದನ್ನು ಇಲ್ಲಿ ಸ್ಮರಿಸಬೇಕು. ಗಂಗೆಯ ರಕ್ಷಣೆಯ ಕಥೆ ಮುಂದೆ ಈ ವಿಶ್ವವಿದ್ಯಾಲಯದ ಬಾಗಿಲಿಗೂ ಬರುವುದಿದೆ.

ನಲ್ಲಿ ಬಂತು, ಚರಂಡಿ ಹಿಂದೆ ಬಿತ್ತು

ಕಾಶಿಯ ಜನ ಕಣ್ಣು ಮುಚ್ಚಿ ಕುಳಿತಿದ್ದರೆಂದು ತಿಳಿಯಬಾರದು. 1886ರಷ್ಟು ಹಿಂದೆಯೇ ಊರಿನ ಗಣ್ಯರು ಸೇರಿ ‘ಕಾಶೀ ಗಂಗಾ ಪ್ರಸಾದಿನೀ ಸಭಾ’ ಎಂಬ ಸಂಸ್ಥೆಯನ್ನು ಕಟ್ಟಿ, ಊರಿನ ಕೊಳೆ ಗಂಗೆಗೆ ಬೀಳದಂತೆ ಏರ್ಪಾಡಾಗಬೇಕೆಂದು ಪ್ರಯತ್ನ ಮಾಡಿದರು. ಅಂದಮೇಲೆ ಗಂಗೆಯ ಶುದ್ಧಿಯ ಚಿಂತೆ ಇಂದು ನೆನ್ನೆಯದಲ್ಲ, ಹೊರಗಿನಿಂದ ಕಲಿತದ್ದೂ ಅಲ್ಲ.

ಇತ್ತ ಸರ್ಕಾರ ಊರಿಗೆ ಕೊಳಾಯಿ ನೀರು ಕೊಡಲು ಯೋಜಿಸಿತು. ಭದೈನಿಯ ದಡದಲ್ಲಿ ಗಂಗೆಯ ನೀರನ್ನು ಎತ್ತಿ, ಭೇಲೂಪುರದಲ್ಲಿ ಸೋಸಿ, ಮನೆಮನೆಗೆ ಹರಿಸುವ ಯೋಜನೆ ಅದು. ಎಂಜಿನ್ ಮನೆ ಕಟ್ಟುವ ಜಾಗದಲ್ಲಿ ರಾಮನ ಗುಡಿಯೊಂದಿತ್ತು. ಅದನ್ನು ಕೆಡವುತ್ತಾರೆಂಬ ಸುದ್ದಿಗೆ 1891ರ ಏಪ್ರಿಲಿನಲ್ಲಿ ಊರೇ ಎದ್ದುನಿಂತು ದೊಡ್ಡ ಗಲಭೆಯಾಯಿತು, ಯಂತ್ರಗಳು ನುಚ್ಚುನೂರಾದವು. ಆದರೂ ಕೆಲಸ ನಿಲ್ಲಲಿಲ್ಲ. 1892ರಲ್ಲಿ ಕಾಶಿಗೆ ನಲ್ಲಿ ಬಂತು.

ನಲ್ಲಿ ಬಂದ ಮನೆಯಲ್ಲಿ ನೀರಿನ ಬಳಕೆ ಹೆಚ್ಚುತ್ತದೆ. ಬಾವಿಯಿಂದ ಸೇದಿ ನಾಲ್ಕು ಕೊಡದಲ್ಲಿ ಮುಗಿಸುತ್ತಿದ್ದವರು ನಲ್ಲಿಯ ಕೆಳಗೆ ಹತ್ತು ಕೊಡ ಚೆಲ್ಲುತ್ತಾರೆ. ಚೆಲ್ಲಿದ್ದೆಲ್ಲ ಹೊರಗೆ ಹೋಗಲೇಬೇಕು. ಒಳಕ್ಕೆ ಶುದ್ಧ ನೀರು ತರುವ ಕೊಳವೆಗೆ ಎಂಜಿನಿಯರರೂ ಹಣವೂ ದೊರೆತವು. ಹೊರಕ್ಕೆ ಹೋಗುವ ಕೊಳೆಗೆ ಹಳೆಯ ಸುರಂಗ, ಇಳಿಜಾರು, ಹೊಳೆ. ಮುಂದೆ ಒಳಚರಂಡಿಯ ಕೊಳವೆಗಳೂ ಬಂದವು. ಆದರೆ ಕೊಳೆಯನ್ನು ಶುದ್ಧಿಮಾಡಿ ಬಿಡುವ ಏರ್ಪಾಡು ಬರಲು 1980ರ ದಶಕವನ್ನು ಕಾಯಬೇಕಾಯಿತು. ನಲ್ಲಿಗೂ ಶುದ್ಧೀಕರಣಕ್ಕೂ ನಡುವೆ ಸುಮಾರು ತೊಂಬತ್ತು ವರ್ಷ!

ಊರಿನ ಹೆಸರಿನ ಕಥೆಯನ್ನೇ ನೋಡಿ. ವರುಣಾ ಮತ್ತು ಅಸೀ ಎಂಬ ಎರಡು ಹೊಳೆಗಳ ನಡುವಿನ ಊರಾದ್ದರಿಂದ ವಾರಾಣಸಿ ಎನ್ನುತ್ತಾರೆ. ಆ ಅಸೀ ಇಂದು ಹೊಳೆಯಲ್ಲ, ಕೊಚ್ಚೆಯ ನಾಲಾ. 1980ರ ದಶಕದ ಆದಿಯಲ್ಲಿ ಅದನ್ನು ಅಸ್ಸೀ ಘಾಟಿನಿಂದ ತಿರುಗಿಸಿ, ಇನ್ನೂ ಮೇಲಕ್ಕೆ, ನಗವಾದ ಬಳಿ ಗಂಗೆಗೆ ಬಿಟ್ಟರು. ಘಾಟೇನೋ ಚೊಕ್ಕಟವಾಯಿತು. ಆದರೆ ಕೊಳೆ ಬೀಳುವ ಜಾಗ ಮೇಲ್ಗಡೆ, ಕುಡಿಯುವ ನೀರೆತ್ತುವ ಭದೈನಿ ಅದರ ಕೆಳಗಡೆ. ಹನುಮಾನ್ ಘಾಟ್ ಇನ್ನೂ ಕೆಳಗೆ. ಪ್ರಿನ್ಸೆಪ್‌ನ ಕಾಲದ ಕಥೆಯೇ ಮತ್ತೊಮ್ಮೆ ನಡೆಯಿತು: ಕೊಳೆ ಜಾಗ ಬದಲಿಸಿತು, ಹಾಳಾಗಲಿಲ್ಲ.

ಹ್ಯಾಂಕಿನ್ ಕಂಡದ್ದು, ಕಾಣದ್ದು

‘ಗಂಗೆಯ ನೀರು ಕೆಡುವುದಿಲ್ಲ’ ಎಂಬುದು ನಮ್ಮ ಹಿರಿಯರ ಅನುಭವದ ಮಾತು. ಇದನ್ನು ಬರೀ ನಂಬಿಕೆಯೆಂದು ತಳ್ಳಿಹಾಕುವುದು ಸರಿಯಲ್ಲ. ಆಗ್ರಾದಲ್ಲಿ ಸರ್ಕಾರಿ ರಸಾಯನ ಪರೀಕ್ಷಕರಾಗಿದ್ದ ಅರ್ನೆಸ್ಟ್ ಹ್ಯಾಂಕಿನ್ ಎಂಬವರು ಗಂಗೆ ಯಮುನೆಗಳ ನೀರಿಗೆ ಕಾಲರಾದ ಜೀವಾಣುಗಳನ್ನು ಹಾಕಿ ನೋಡಿದರು. ಕೆಲವೇ ಗಂಟೆಗಳಲ್ಲಿ ಅವು ಸತ್ತವು. ಅದೇ ನೀರನ್ನು ಕುದಿಸಿ ಹಾಕಿದರೆ ಸಾಯಲಿಲ್ಲ! 1896ರಲ್ಲಿ ಪ್ಯಾರಿಸ್ಸಿನ ಪಾಸ್ಚರ್ ಸಂಸ್ಥೆಯ ಪತ್ರಿಕೆಯಲ್ಲಿ ಇದು ಪ್ರಕಟವಾಯಿತು. ಕಾರಣ ಆಗ ತಿಳಿಯಲಿಲ್ಲ. 1915ರಲ್ಲಿ ಟ್ವಾರ್ಟ್, 1917ರಲ್ಲಿ ದೆರೆಲ್ ಎಂಬ ವಿಜ್ಞಾನಿಗಳು ಬ್ಯಾಕ್ಟೀರಿಯಾಗಳನ್ನೇ ಕೊಲ್ಲುವ ಅತಿಸೂಕ್ಷ್ಮ ವೈರಸ್ಸುಗಳನ್ನು ಗುರುತಿಸಿದ ಮೇಲೆ, ಹ್ಯಾಂಕಿನ್ ಕಂಡದ್ದು ಇವುಗಳ ಕೆಲಸವಿರಬೇಕೆಂಬ ವಿವರಣೆ ಬಂತು. ಇವುಗಳಿಗೆ ‘ಬ್ಯಾಕ್ಟೀರಿಯೋಫೇಜ್’ ಎನ್ನುತ್ತಾರೆ. ನಮ್ಮ ಗಿಂಡಿಯ ತಾಮ್ರಕ್ಕೂ ರೋಗಾಣುಗಳನ್ನು ಕೊಲ್ಲುವ ಗುಣವುಂಟು.

ಆದರೆ ಇಲ್ಲಿ ಒಂದು ಎಚ್ಚರಿಕೆಯ ಮಾತು. ಒಂದೊಂದು ಫೇಜಿಗೆ ಒಂದೊಂದು ಬಗೆಯ ಬ್ಯಾಕ್ಟೀರಿಯಾ ಆಹಾರ. ಸಿಕ್ಕಿದ್ದನ್ನೆಲ್ಲ ತಿನ್ನುವ ಜಾತಿ ಅದಲ್ಲ. ಕಾಮಾಲೆ ತರುವ ವೈರಸ್ಸನ್ನು ಅದು ಮುಟ್ಟದು. ಚರ್ಮ ಹದಮಾಡುವ ಕಾರ್ಖಾನೆಯ ಕ್ರೋಮಿಯಮ್ಮನ್ನಂತೂ ಮುಟ್ಟಲೇ ಆರದು. ಹ್ಯಾಂಕಿನ್ ಪರೀಕ್ಷಿಸಿದ ಗಂಗೆಗೂ ಇಂದಿನ ಗಂಗೆಗೂ ನಡುವೆ ಎಷ್ಟೋ ನಗರಗಳ ಬಚ್ಚಲು ಬಂದು ಸೇರಿದೆ. ಅಜ್ಜನ ಬಲವನ್ನು ಹೇಳಿಕೊಂಡು ಮೊಮ್ಮಗನ ಮೇಲೆ ಹೊರೆ ಹೊರಿಸಲಾದೀತೆ?

ನೀರಿನ ಆರೋಗ್ಯವನ್ನು ಅಳೆಯುವ ಬಗೆಯನ್ನೂ ಎರಡು ಮಾತಿನಲ್ಲಿ ಹೇಳಿಬಿಡುತ್ತೇವೆ. ಹೊಳೆಯ ನೀರಿನಲ್ಲಿ ಕರಗಿದ ಆಮ್ಲಜನಕ ಇರುತ್ತದೆ. ಮೀನಿಗೆ ಅದೇ ಉಸಿರು. ಕಾಲೇಜಿನ ಪ್ರಯೋಗಶಾಲೆಯಲ್ಲಿ ಪಿಷ್ಟದ ನೀಲಿ ಬಣ್ಣ ಮಾಯವಾಗುವವರೆಗೆ ಹನಿಹನಿಯಾಗಿ ದ್ರಾವಣ ಬಿಟ್ಟು ಅದನ್ನು ಅಳೆಯುತ್ತಿದ್ದುದು ನೆನಪಾಗುತ್ತದೆ. ಕೊಳೆ ಬಿದ್ದರೆ ಅದನ್ನು ಕೊಳೆಯಿಸುವ ಜೀವಾಣುಗಳು ಈ ಉಸಿರನ್ನು ಕುಡಿಯುತ್ತವೆ. ಹೀಗೆ ಕುಡಿಯುವ ಪ್ರಮಾಣಕ್ಕೆ ಬಿ.ಓ.ಡಿ. ಎಂದು ಹೆಸರು. ಸ್ನಾನಕ್ಕೆ ಯೋಗ್ಯವಾದ ನೀರಿನಲ್ಲಿ ಕರಗಿದ ಆಮ್ಲಜನಕ ಲೀಟರಿಗೆ 5 ಮಿಲಿಗ್ರಾಮಿಗೆ ಕಡಿಮೆಯಿರಬಾರದು, ಬಿ.ಓ.ಡಿ. 3 ಮಿಲಿಗ್ರಾಮನ್ನು ಮೀರಬಾರದು. ಮಲದಿಂದ ಬರುವ ಕೋಲಿಫಾರಂ ಜೀವಾಣುಗಳು 100 ಮಿಲಿಲೀಟರಿನಲ್ಲಿ 500ರೊಳಗಿದ್ದರೆ ಒಳ್ಳೆಯದು, ಹೆಚ್ಚೆಂದರೆ 2,500. ಇದು ಸ್ನಾನದ ಲೆಕ್ಕ. ಕುಡಿಯುವ ನೀರಿನಲ್ಲಿ ಆ ಜೀವಾಣು ಒಂದೂ ಇರಕೂಡದು.

ಕಾನೂನು, ಮಹಂತರು, ನ್ಯಾಯಮೂರ್ತಿಗಳು

1974ರಲ್ಲಿ ಪಾರ್ಲಿಮೆಂಟು ಜಲಮಾಲಿನ್ಯ ನಿವಾರಣೆಯ ಕಾಯಿದೆಯನ್ನು ಮಾಡಿತು. ಅದು ಮೊದಲು ಅನ್ವಯವಾದ ರಾಜ್ಯಗಳಲ್ಲಿ ನಮ್ಮ ಕರ್ನಾಟಕವೂ ಒಂದು. ಅದೇ ವರ್ಷ ಸೆಪ್ಟೆಂಬರಿನಲ್ಲಿ ರಾಜ್ಯದ ಮಂಡಲಿ ಸ್ಥಾಪನೆಯಾಯಿತು. ಕಾಯಿದೆ ಬಂದೊಡನೆ ಹೊಳೆ ತಿಳಿಯಾಗುವುದಿಲ್ಲ ಎಂಬುದನ್ನು ಸರ್ಕಾರಿ ನೌಕರರಾದ ನಾವು ಬಿಡಿಸಿ ಹೇಳಬೇಕಾಗಿಲ್ಲ.

ಕಾಶಿಯಲ್ಲಿ ಈ ವಿಷಯಕ್ಕೆ ಜೀವ ತುಂಬಿದವರು ವೀರಭದ್ರ ಮಿಶ್ರರು (1938–2013). ಇವರು ಸಂಕಟಮೋಚನ ಹನುಮಾನ್ ಮಂದಿರದ ಮಹಂತರು. ಜೊತೆಗೆ ಹಿಂದೂ ವಿಶ್ವವಿದ್ಯಾಲಯದಲ್ಲಿ ನೀರಿನ ಹರಿವಿನ ಶಾಸ್ತ್ರವನ್ನು ಕಲಿಸುತ್ತಿದ್ದ ಪ್ರಾಧ್ಯಾಪಕರು. ಬೆಳಿಗ್ಗೆ ತುಲಸೀ ಘಾಟಿನಲ್ಲಿ ಮುಳುಗು, ಅನಂತರ ತರಗತಿಯಲ್ಲಿ ಅದೇ ನೀರಿನ ಗಣಿತ. ಮುಳುಗುವ ನೀರು ಯಾವ ಬಗೆಯದೆಂದು ಚೆನ್ನಾಗಿ ಬಲ್ಲವರು, ಬಲ್ಲವರಾದರೂ ಮುಳುಗುವುದನ್ನು ಬಿಡದವರು. 1982ರಲ್ಲಿ ಅವರು ಸಂಕಟಮೋಚನ ಫೌಂಡೇಷನ್ನನ್ನು ಸ್ಥಾಪಿಸಿದರು. ಮುಂದೆ ತುಲಸೀ ಘಾಟಿನಲ್ಲಿಯೇ ಪ್ರಯೋಗಶಾಲೆಯೊಂದನ್ನು ನಡೆಸಿ ಗಂಗೆಯ ನೀರನ್ನು ಪರೀಕ್ಷಿಸುವ ಏರ್ಪಾಡು ಮಾಡಿದರು. ಗಂಗೆ ಕೊಳಕಾಗಿದ್ದಾಳೆಂದು ಹೇಳಿದರೆ ಭಕ್ತರಿಗೆ ನೋವಾಗುತ್ತದೆ, ತಾಯಿಯ ಮೈಮೇಲೆ ಕೊಳಕು ಸುರಿಯುತ್ತಿದ್ದಾರೆಂದು ಹೇಳಿದರೆ ಅದೇ ಭಕ್ತರು ಎದ್ದುನಿಲ್ಲುತ್ತಾರೆ ಎಂಬುದು ಅವರು ಕಂಡುಕೊಂಡ ಸತ್ಯ. ವಿಶ್ವಸಂಸ್ಥೆಯ ಪರಿಸರ ವಿಭಾಗ 1992ರಲ್ಲಿ ಇವರನ್ನು ತನ್ನ ಗೌರವಪಟ್ಟಿಗೆ ಸೇರಿಸಿತು.

ದೆಹಲಿಯಲ್ಲಿ ಇನ್ನೊಂದು ಕಡೆಯಿಂದ ಕೆಲಸ ನಡೆಯಿತು. ವಕೀಲ ಎಂ.ಸಿ. ಮೆಹತಾ ಅವರು 1985ರಲ್ಲಿ ಗಂಗೆಯ ಮಾಲಿನ್ಯದ ಬಗ್ಗೆ ಸುಪ್ರೀಂ ಕೋರ್ಟಿಗೆ ಅರ್ಜಿ ಹಾಕಿದರು. ಆ ಮೊಕದ್ದಮೆಯನ್ನು ಕೇಳಿದ ಪೀಠದ ಮುಖ್ಯಸ್ಥರು ನಮ್ಮ ಮೈಸೂರು ಸೀಮೆಯ ನ್ಯಾಯಮೂರ್ತಿ ಇ.ಎಸ್. ವೆಂಕಟರಾಮಯ್ಯನವರು, ಜೊತೆಗೆ ನ್ಯಾಯಮೂರ್ತಿ ಕೆ.ಎನ್. ಸಿಂಗ್ ಅವರು. 1987ರ ಸೆಪ್ಟೆಂಬರಿನಲ್ಲಿ ಪೀಠ ಕಾನ್‌ಪುರದ ಚರ್ಮದ ಕಾರ್ಖಾನೆಗಳಿಗೆ ಹೇಳಿದ್ದರ ಸಾರಾಂಶ ಇಷ್ಟು: ಕನಿಷ್ಠ ಕೂಲಿ ಕೊಡಲಾರದ ಕಾರ್ಖಾನೆ ಹೇಗೆ ನಡೆಯಕೂಡದೋ, ತನ್ನ ಕೊಳೆಯನ್ನು ಪ್ರಾಥಮಿಕವಾಗಿಯಾದರೂ ಶುದ್ಧಿ ಮಾಡಲಾರದ ಕಾರ್ಖಾನೆಯೂ ನಡೆಯಕೂಡದು. 1988ರ ಜನವರಿಯ ತೀರ್ಪು ಕಾನ್‌ಪುರದ ನಗರಪಾಲಿಕೆಯ ಹೊಣೆಯನ್ನು ಸ್ಪಷ್ಟಪಡಿಸಿತು. ಮೊದಲ ಹತ್ತು ತರಗತಿಗಳಲ್ಲಿ ವಾರಕ್ಕೆ ಒಂದು ಗಂಟೆಯಾದರೂ ಕಾಡು, ಕೆರೆ, ಹೊಳೆ, ವನ್ಯಜೀವಿಗಳ ರಕ್ಷಣೆಯ ಪಾಠ ನಡೆಯಬೇಕೆಂದೂ ಅದೇ ತೀರ್ಪು ಹೇಳಿತು. ವೆಂಕಟರಾಮಯ್ಯನವರು 1989ರಲ್ಲಿ ಭಾರತದ ಮುಖ್ಯ ನ್ಯಾಯಾಧೀಶರಾದರು.

ಈ ಸಂಗತಿಯನ್ನು ಓದುವಾಗ ನಮಗೆ ಮೈ ಜುಮ್ಮೆಂದಿತು. ಘಾಟಿನಲ್ಲಿ ‘ಅಜ್ಜಿ, ಕುಡೀಬೇಡಿ’ ಎಂದು ನಮ್ಮ ಮಗಳು ಕೂಗಿದ್ದರ ಹಿಂದೆ ಶಾಲೆಯ ಪಾಠವಿದ್ದರೆ, ಆ ಪಾಠದ ಹಿಂದೆ ಕನ್ನಡಿಗ ನ್ಯಾಯಮೂರ್ತಿಯೊಬ್ಬರ ಆಜ್ಞೆಯೂ ಇದ್ದಿರಬೇಕಲ್ಲವೆ?

ಕರೆಂಟು ಹೋದರೆ ಗಂಗೆಗೆ

1986ರ ಜೂನ್ 14ರಂದು ಪ್ರಧಾನಿ ರಾಜೀವ್ ಗಾಂಧಿಯವರು ಕಾಶಿಯ ರಾಜೇಂದ್ರ ಪ್ರಸಾದ್ ಘಾಟಿನಲ್ಲಿ ಗಂಗಾ ಕ್ರಿಯಾ ಯೋಜನೆಯನ್ನು ಆರಂಭಿಸಿದರು. ನಾಲಾಗಳನ್ನು ಹೊಳೆಯ ಅಂಚಿನಲ್ಲಿಯೇ ಅಡ್ಡಗಟ್ಟುವುದು, ಕೊಳೆಯನ್ನು ಪಂಪಿನಿಂದ ಎತ್ತಿ ಊರಾಚೆಗೆ ಒಯ್ಯುವುದು, ಅಲ್ಲಿ ಶುದ್ಧಿ ಮಾಡುವುದು, ಇದು ಯೋಜನೆಯ ತಿರುಳು. ದೀನಾಪುರದಲ್ಲಿ ದಿನಕ್ಕೆ 80 ದಶಲಕ್ಷ ಲೀಟರಿನ ಘಟಕ, ವಿಶ್ವವಿದ್ಯಾಲಯದ ಬಳಿ ಭಗವಾನ್‌ಪುರದಲ್ಲಿ ಒಂದು, ರೈಲ್ವೆ ಎಂಜಿನ್ ಕಾರ್ಖಾನೆಯಲ್ಲಿ ಒಂದು. ಮೂರೂ ಸೇರಿ ಸುಮಾರು 100 ದಶಲಕ್ಷ ಲೀಟರ್. ಹರಿಶ್ಚಂದ್ರ ಘಾಟಿನಲ್ಲಿ ವಿದ್ಯುತ್ ಚಿತಾಗಾರ ಬಂತು. ಅರೆಬೆಂದ ಹೆಣಗಳನ್ನು ತಿನ್ನಲೆಂದು ಹೊಳೆಗೆ ಆಮೆಗಳನ್ನೂ ಬಿಟ್ಟರು.

ಹನುಮಾನ್ ಘಾಟಿನಿಂದ ಕೂಗಳತೆಯಲ್ಲಿ, ಹರಿಶ್ಚಂದ್ರ ಘಾಟಿನಲ್ಲಿ, ಕೊಳೆಯನ್ನು ಮೇಲೆತ್ತುವ ಪಂಪ್ ಮನೆಯೊಂದಿದೆ. ಯೋಜನೆಯ ಬಲವೂ ದೌರ್ಬಲ್ಯವೂ ಅದರಲ್ಲಿಯೇ ಅಡಗಿತ್ತು. ಕಾಶಿಯ ನೆಲ ಹೊಳೆಯ ಕಡೆಗೆ ಇಳಿಜಾರು. ಇಳಿದು ಬಂದ ಕೊಳೆಯನ್ನು ವಿದ್ಯುತ್ತಿನಿಂದ ಮೇಲೆತ್ತಬೇಕು. ಕರೆಂಟು ಹೋದರೆ ಪಂಪು ನಿಂತಿತು. ಪಂಪು ನಿಂತರೆ ಕೊಳೆಗೆ ತನ್ನ ಹಳೆಯ ದಾರಿ ಗೊತ್ತೇ ಇದೆ. ಮಳೆಗಾಲದ ಪ್ರವಾಹದಲ್ಲಿ ಘಾಟುಗಳು ಮುಳುಗಿದಾಗಲೂ ಇದೇ ಪಾಡು. ಜೊತೆಗೆ, ಯೋಜನೆ ಮುಗಿಯುವ ಹೊತ್ತಿಗೆ ಊರೇ ಯೋಜನೆಯನ್ನು ಮೀರಿ ಬೆಳೆದಿತ್ತು. ಮೊದಲ ಹಂತವನ್ನು 2000ದ ಮಾರ್ಚಿನಲ್ಲಿ ಮುಗಿಸಿದ್ದಾಯಿತು. ಗಂಗೆಯ ಕಾಯಿಲೆ ಮುಗಿಯಲಿಲ್ಲ.

ಮಿಶ್ರರ ವಾದ ಇದಕ್ಕಿಂತ ಬೇರೆಯಾಗಿತ್ತು. ಘಾಟುಗಳ ಉದ್ದಕ್ಕೂ ಕೊಳವೆ ಹೂಳಿ, ಪಂಪಿಲ್ಲದೆ ಇಳಿಜಾರಿನಲ್ಲಿಯೇ ಕೊಳೆ ಊರಿನ ಕೆಳಗಡೆಗೆ ಹರಿದುಹೋಗಲಿ. ಅಲ್ಲಿ ಕೊಳಗಳ ಸಾಲಿನಲ್ಲಿ ಬಿಸಿಲೂ ಪಾಚಿಯೂ ಅದನ್ನು ಶುದ್ಧಿ ಮಾಡಲಿ ಎಂದರು. ಕ್ಯಾಲಿಫೋರ್ನಿಯದ ಪ್ರಾಧ್ಯಾಪಕ ವಿಲಿಯಂ ಆಸ್ವಾಲ್ಡ್ ರೂಪಿಸಿದ ವಿಧಾನ ಅದು. ಹೆಚ್ಚು ವಿದ್ಯುತ್ತು ಬೇಡ, ಆದರೆ ಹೆಚ್ಚು ಜಾಗ ಬೇಕು. ಅವರು ಬಯಸಿದಂತೆ ಪೂರ್ತಿಯಾಗಿ ಅದನ್ನು ಕಾಣುವ ಭಾಗ್ಯ ಅವರಿಗೆ ಬರಲಿಲ್ಲ. 2013ರ ಮಾರ್ಚಿನಲ್ಲಿ ತೀರಿಕೊಂಡರು.

2014ರಲ್ಲಿ ‘ನಮಾಮಿ ಗಂಗೆ’ ಬಂತು. ಮೊದಲ ಐದು ವರ್ಷಗಳಿಗೆ 20,000 ಕೋಟಿ ರೂಪಾಯಿಗಳ ಯೋಜನೆ. ಕಾಶಿಯ ಪಾಲಿಗೆ ದೀನಾಪುರದಲ್ಲಿ 140 ದಶಲಕ್ಷ ಲೀಟರಿನ ಹೊಸ ಘಟಕ 2018ರಲ್ಲಿ ಆರಂಭವಾಯಿತು. ಗೋಯಿಠಾದಲ್ಲಿ 120, ಅಸೀ ನಾಲಾದ ಕೊಳೆಗಾಗಿ ರಮನಾದಲ್ಲಿ 50 ದಶಲಕ್ಷ ಲೀಟರಿನ ಘಟಕಗಳೂ ಸೇರಿದವು. ದೋಣಿಗಳು ಡೀಸೆಲ್ ಬಿಟ್ಟು ಗ್ಯಾಸಿಗೆ ಬದಲಾಗತೊಡಗಿದವು. ಘಾಟುಗಳು ಹಿಂದಿಗಿಂತ ಬಹಳ ಚೊಕ್ಕಟವಾಗಿವೆ. ಇದನ್ನು ಒಪ್ಪದಿದ್ದರೆ ಅನ್ಯಾಯವಾದೀತು. ಆದರೆ ಮೆಟ್ಟಿಲು ಚೊಕ್ಕಟವಾದದ್ದು ಕಣ್ಣಿಗೆ ಕಾಣುತ್ತದೆ, ನೀರಿನ ಕೋಲಿಫಾರಂ ಕಣ್ಣಿಗೆ ಕಾಣದು. ಹೊಳೆಯಲ್ಲಿ ನೀರು ಹರಿಯಬೇಕೆಂಬ ಮಾಲವೀಯರ ಕಾಲದ ಪ್ರಶ್ನೆಯೂ ತೀರಿಲ್ಲ. ಕೇಂದ್ರ ಮಾಲಿನ್ಯ ಮಂಡಲಿಯ ಮೊದಲ ಸದಸ್ಯ ಕಾರ್ಯದರ್ಶಿಯಾಗಿದ್ದು, ಕಾನ್‌ಪುರ ಐ.ಐ.ಟಿ.ಯಲ್ಲಿ ಕಲಿಸಿ, ಕೊನೆಗೆ ಸಂನ್ಯಾಸ ಪಡೆದ ಪ್ರೊಫೆಸರ್ ಜಿ.ಡಿ. ಅಗ್ರವಾಲರು ಆ ಬೇಡಿಕೆಗಾಗಿ ನೂರು ದಿನಕ್ಕೂ ಮೀರಿ ಉಪವಾಸವಿದ್ದು 2018ರ ಅಕ್ಟೋಬರಿನಲ್ಲಿ ಪ್ರಾಣಬಿಟ್ಟರು.

ಬಚ್ಚಲ ನೀರು ಎಲ್ಲಿಗೆ?

ಇಷ್ಟೆಲ್ಲ ಓದಿದ ಮೇಲೆ ‘ಉತ್ತರದವರು ಹೀಗೆ’ ಎಂದು ತೀರ್ಪು ಕೊಟ್ಟು ಕೂರುವ ಹಕ್ಕು ನಮಗಿದೆಯೆ? ಕಾಶಿಗೆ ನಲ್ಲಿ ಬಂದ 1890ರ ದಶಕದಲ್ಲಿಯೇ ಬೆಂಗಳೂರಿಗೂ ಹೆಸರಘಟ್ಟದಿಂದ ಕೊಳಾಯಿ ನೀರು ಬಂತು. ಅನಂತರ ತಿಪ್ಪಗೊಂಡನಹಳ್ಳಿ, 1974ರಿಂದ ನೂರು ಕಿಲೋಮೀಟರ್ ದೂರದ ಕಾವೇರಿ. ನೀರು ತರುವುದರಲ್ಲಿ ನಾವು ಯಾರಿಗೂ ಕಡಿಮೆಯಿಲ್ಲ. ತಂದ ನೀರು ಬಚ್ಚಲಿನಿಂದ ಎಲ್ಲಿಗೆ ಹೋಯಿತು? ವೃಷಭಾವತಿ ಹೊಳೆ ಹೋಗಿ ಮೋರಿಯಾಯಿತು. ಅದು ಅರ್ಕಾವತಿಗೆ, ಅರ್ಕಾವತಿ ಕಾವೇರಿಗೆ. ಬೆಳ್ಳಂದೂರು ಕೆರೆ ನೊರೆಯುಕ್ಕಿಸಿ ರಸ್ತೆಗೆ ಬಂದದ್ದನ್ನೂ, 2017 ಮತ್ತು 2018ರಲ್ಲಿ ಅಲ್ಲಿ ಬೆಂಕಿ ಹೊತ್ತಿದ್ದನ್ನೂ ನಾವೆಲ್ಲ ಟೀವಿಯಲ್ಲಿ ಕಂಡೆವು. ಕೆರೆಯಲ್ಲಿ ಬೆಂಕಿ! ಕಾಶಿಯಲ್ಲಿ ಕೂಡ ಹೀಗಾದುದನ್ನು ನಾವು ಕೇಳಿಲ್ಲ.

ಹನುಮಾನ್ ಘಾಟಿನ ಆ ಬೆಳಿಗ್ಗೆ ತಾಯಿಯವರು ಕೊನೆಗೆ ಏನು ಮಾಡಿದರೆಂದು ಹೇಳಿ ಮುಗಿಸುತ್ತೇವೆ. ಅಂಗೈಯ ನೀರನ್ನು ಅವರು ಕುಡಿಯಲಿಲ್ಲ. ತಲೆಗೆ ಪ್ರೋಕ್ಷಿಸಿಕೊಂಡರು, ಮೊಮ್ಮಗಳ ತಲೆಯ ಮೇಲೂ ನಾಲ್ಕು ಹನಿ ಚಿಮುಕಿಸಿದರು. ಮೆಟ್ಟಿಲ ಮೇಲೆ ಕುಳಿತು ಸ್ವಲ್ಪ ಹೊತ್ತು ಮಾತಾಡಲಿಲ್ಲ. ತಮ್ಮ ತಂದೆಯವರು ತೀರಿಕೊಂಡಾಗ ಗಿಂಡಿಯ ಬೆಸುಗೆ ಒಡೆದು ಬಾಯಿಗೆ ಬಿಟ್ಟ ಗಂಗೆ ನೆನಪಾಗಿರಬೇಕು. ಆಮೇಲೆ ಮಗಳ ಕಡೆ ತಿರುಗಿ ಹೇಳಿದರು: “ನಮ್ಮೂರ ಮನೆಯಲ್ಲಿ ಬಾವಿಕಟ್ಟೆ ಹತ್ತಿರ ಮುಸುರೆ ತೊಳೆಯೋದಕ್ಕೆ ನಮ್ಮತ್ತೆ ಬಿಡ್ತಿರಲಿಲ್ಲ, ಮಗೂ. ಬಚ್ಚಲ ನೀರು ಬಾಳೆಗಿಡದ ಪಾತಿಗೆ ಹೋಗಬೇಕು, ಅದರಾಚೆ ಕೆಸುವಿನ ಪಾತಿಗೆ. ಅಲ್ಲಿಗೆ ಮುಗೀತು. ಒಂದು ತೊಟ್ಟೂ ಬೀದಿಗೆ ಹೋಗ್ತಿರಲಿಲ್ಲ.”

ಮಗಳು ಕೇಳಿದಳು: “ಈಗ ನಮ್ಮ ಮನೆ ಬಚ್ಚಲ ನೀರು ಎಲ್ಲಿಗೆ ಹೋಗುತ್ತೆ ಅಜ್ಜಿ?”

ತಾಯಿಯವರು ಮತ್ತೆ ನಮ್ಮ ಮುಖ ನೋಡಿದರು. ಇಪ್ಪತ್ತು ವರ್ಷದಿಂದ ಅದೇ ಮಹಾನಗರದಲ್ಲಿ ಇದ್ದೇವೆ. ನಲ್ಲಿಯ ನೀರು ಎಷ್ಟು ಹೊತ್ತಿಗೆ ಬರುತ್ತದೆ, ಎಷ್ಟು ಹೊತ್ತಿಗೆ ನಿಲ್ಲುತ್ತದೆ ಎಂಬುದು ನಿಮಿಷದ ಲೆಕ್ಕದಲ್ಲಿ ಗೊತ್ತು. ಈ ಪ್ರಶ್ನೆಗೂ ನಮ್ಮಲ್ಲಿ ಉತ್ತರವಿರಲಿಲ್ಲ. ಅಂದು ಸಂಜೆ, ಇಳಿದುಕೊಂಡಿದ್ದ ಕಡೆ ಅಲ್ಲಿಯ ಬಚ್ಚಲ ವಿಚಾರ ಕೇಳಿದೆವು. “ಸೀವರಿಗೆ ಹೋಗುತ್ತೆ ಸಾರ್” ಎಂದರು. ಸೀವರು ಎಲ್ಲಿಗೆ ಹೋಗುತ್ತದೆಂದು ಅವರಿಗೂ ತಿಳಿಯದು. ಅವರನ್ನು ದೂರಿ ಫಲವೇನು? ಮೂರು ದಿನ ಆ ಬಚ್ಚಲನ್ನು ಬಳಸಿದವರು ನಾವು.

ನಮ್ಮ ಪೂರ್ವಿಕರು ಮಡಿ ಮೈಲಿಗೆಗಳ ವಿಚಾರದಲ್ಲಿ ಬರುವ ನೀರನ್ನೂ ಹೋಗುವ ನೀರನ್ನೂ ಎರಡನ್ನೂ ಗಮನಿಸುತ್ತಿದ್ದರು. ನಲ್ಲಿ ಬಂದ ಮೇಲೆ ಬರುವ ನೀರೊಂದೇ ನಮ್ಮ ಗಮನಕ್ಕೆ ಉಳಿಯಿತು. ಪ್ರಿನ್ಸೆಪ್‌ನಿಂದ ಇಂದಿನವರೆಗೆ ಕಾಶಿಯ ಕಥೆಯೂ ಇದೇ, ಬೆಂಗಳೂರಿನ ಕಥೆಯೂ ಇದೇ.

ಸಂಘದ ಬಂಧುಗಳಲ್ಲಿ ನಮ್ಮ ವಿನಂತಿ ದೊಡ್ಡದೇನಲ್ಲ. ಕಾಶಿಗೆ ಹೋಗುವವರು ಹೂವು ಅಕ್ಷತೆಗಳ ಪ್ಲಾಸ್ಟಿಕ್ ಚೀಲವನ್ನು ಗಂಗೆಗೆ ಬಿಡದೆ ಹಿಂದಕ್ಕೆ ತರಲಿ. ಸಾಬೂನು ಹಚ್ಚುವ ಸ್ನಾನವನ್ನು ಕೋಣೆಯಲ್ಲಿ ಮುಗಿಸಿ, ಘಾಟಿನಲ್ಲಿ ಬರೀ ಮುಳುಗು ಹಾಕಲಿ. ತೀರ್ಥವನ್ನು ಎಳೆಯ ಮಕ್ಕಳಿಗೂ ಕಾಯಿಲೆಯವರಿಗೂ ಕುಡಿಸುವ ಬದಲು ಪ್ರೋಕ್ಷಣೆ ಮಾಡಲಿ. ಅದರಿಂದ ಪುಣ್ಯಕ್ಕೆ ಕೊರತೆಯಾಗದೆಂದು ನಮ್ಮ ತಾಯಿಯವರೇ ಒಪ್ಪಿದ್ದಾರೆ. ಇವೆಲ್ಲಕ್ಕೂ ಮಿಗಿಲಾಗಿ, ಇರುವ ಊರಿನಲ್ಲಿ ತಮ್ಮ ಮನೆಯ ಬಚ್ಚಲ ನೀರು ಎಲ್ಲಿಗೆ ಹೋಗುತ್ತದೆಂದು ಒಮ್ಮೆ ವಿಚಾರಿಸಲಿ. ಊರಿಗೆ ಬಂದವರು ನೀರಿಗೆ ಬಾರದಿರುತ್ತಾರೆಯೆ ಎಂಬ ಗಾದೆ ನಮ್ಮಂಥ ವಲಸೆಯವರಿಗೂ ಅನ್ವಯಿಸುತ್ತದೆ. ಯಾವ ಊರಿಗೆ ಬಂದೆವೋ ಆ ಊರಿನ ಹೊಳೆ ನಮ್ಮದೇ.

ನಾವು ಈ ಸಲ ತಂದ ಗಿಂಡಿ ದೇವರ ಗೂಡಿನಲ್ಲಿದೆ. ಬೆಸುಗೆ ಒಡೆದಿಲ್ಲ. ನಮ್ಮ ಮನೆಯ ಕೊಳೆನೀರಿನ ದಾರಿಯನ್ನು ಹುಡುಕುತ್ತ ತಂದೆ ಮಗಳು ಎರಡು ಭಾನುವಾರ ತಿರುಗಿದ್ದೇವೆ. ಅರ್ಧ ಮೈಲಿಯಾಚೆ ಒಂದು ನಾಲೆಯವರೆಗೆ ಗೊತ್ತಾಗಿದೆ. ಮುಂದಿನದನ್ನು ಇನ್ನೂ ಹುಡುಕಬೇಕು.